ಪಡಸಾಲೆಯಲ್ಲಿ ಕೂತವರು

ಮೊದಲ ಸಲ ಅವರು ಬಂದಾಗ ನಾನು ಅವರಿಗಾಗಿ ಚಹಾ ತರಿಸಲು ಹೇಳಿದ್ದೆ.

ಹೇಳದೆ ಕೇಳದೆ ಜನ ಬಂದು ಕೂರುವುದು ನಮ್ಮ ಮನೆಗೆ ಹೊಸದಲ್ಲ. ನರಗುಂದದ ಪೇಟೆಯಲ್ಲಿ ನಮ್ಮದು ಹಳೆಯ ಕಾಳಿನ ವ್ಯಾಪಾರದ ಮನೆತನ. ಯಜಮಾನರು ತೀರಿಕೊಂಡ ಮೇಲೆ ಅಂಗಡಿ, ಹೊಲ, ಮನೆ ಎಲ್ಲದರಲ್ಲೂ ಕೊನೆಯ ಮಾತು ನನ್ನದಾಯಿತು. ದೇವರು ಕೊಟ್ಟಿದ್ದ, ಊರಿಗೂ ಒಂದಿಷ್ಟು ಮಾಡಿದೆ. ನನ್ನ ತವರು ರೋಣ. ಅಲ್ಲಿ ತಾಯಿಯ ನೆನಪಿಗೆ ಹೆರಿಗೆ ವಾರ್ಡು ಕಟ್ಟಿಸಿದೆ. ಮಲಪ್ರಭೆ ಹೊಳೆಮಣ್ಣೂರಿಗೆ ನುಗ್ಗಿದಾಗ ನಮ್ಮ ಗೋದಾಮು ತೆರೆಸಿ, ನೀರು ಇಳಿಯುವ ತನಕ ಒಲೆ ಆರದಂತೆ ನೋಡಿಕೊಂಡೆ. ಗಜೇಂದ್ರಗಡದ ನೇಕಾರರ ಓಣಿಯಲ್ಲಿ ಪ್ರತಿ ಚಳಿಗಾಲ ಕಣ್ಣಿನ ಶಿಬಿರ ನಡೆಸುತ್ತ ಬಂದೆ. ಹೀಗಾಗಿ ಸಾಲಿ ಫೀಸಿಗೆ, ದವಾಖಾನಿ ಖರ್ಚಿಗೆ, ಕೆಲವೊಮ್ಮೆ ಬರೀ ಮನಸ್ಸಿನ ಭಾರ ಇಳಿಸಲಿಕ್ಕೆ ಹೆಣ್ಣುಮಕ್ಕಳು ಬರುತ್ತಲೇ ಇರುತ್ತಾರೆ. ಎಲ್ಲರೂ ನನ್ನನ್ನು ಅವ್ವಾರು ಅನ್ನುತ್ತಾರೆ.

ಆ ಮಧ್ಯಾಹ್ನ ಪಡಸಾಲೆಯ ಗೋಡೆಗೆ ಬೆನ್ನು ಹಚ್ಚಿ ನಾಲ್ಕೈದು ಹೆಂಗಸರು ಕೂತಿದ್ದರು. ಹಸಿರು ಸೀರೆ, ಕೆಂಪು ಸೆರಗು, ತಲೆ ತುಂಬ ಹೊದ್ದಿದ್ದರು. ಸೊಸೆ ಗಿರಿಜಾಳಿಗೆ ಚಹಾಕ್ಕೆ ಹೇಳಿದೆ. ಅವಳು ಚಹಾದ ಕಪ್ಪು-ಬಸಿಗಳ ತಟ್ಟೆ ಹಿಡಿದು ಬಂದು ಬಾಗಿಲಲ್ಲೇ ನಿಂತಳು.

"ಯಾರಿಗ್ರಿ ಅತ್ತಿ?"

ನಾನು ಅವಳ ಕಡೆ ತಿರುಗಿ ಮತ್ತೆ ಗೋಡೆಯ ಕಡೆ ನೋಡಿದೆ. ಗೋಡೆ ಮಾತ್ರ ಇತ್ತು. ಹೋದರೇನೋ ಅಂದೆ. ಹೊರಗೆ ಹೋಗುವ ದಾರಿ ಗಿರಿಜಾ ನಿಂತಿದ್ದ ಬಾಗಿಲು ಒಂದೇ. ಅವಳು ಒಂದು ಕಪ್ಪು ನನಗೆ ಕೊಟ್ಟು ಉಳಿದದ್ದನ್ನು ಒಳಗೆ ಒಯ್ದಳು.

ಇದನ್ನು ಈಗ ಬರೆದುಕೊಳ್ಳುತ್ತಿರುವವಳೂ ಗಿರಿಜಾಳೇ. ಅಕ್ಷರ ನನಗೆ ಕಾಣುವುದಿಲ್ಲ. ನಾನು ಹೇಳುತ್ತೇನೆ, ಅವಳು ನನ್ನ ಮಾತನ್ನು ಪುಸ್ತಕದ ಮಾತು ಮಾಡುತ್ತಾಳೆ. ಎಲ್ಲೋ ಒಂದು ಮನೆಯಲ್ಲಿ ನನ್ನ ಹಾಗೆ ಬಾಯಿ ಮುಚ್ಚಿಕೊಂಡು ಕೂತವರು ಇದ್ದಾರು, ಅವರಿಗೆ ಯಾರಾದರೂ ಓದಿ ಹೇಳಲಿ ಎಂದು ಇದನ್ನು ಬರೆಸುತ್ತಿದ್ದೇನೆ.

ಕಣ್ಣು ಕೆಡುತ್ತ ಬಂದು ಆಗಲೇ ಬಹಳ ದಿನವಾಗಿತ್ತು. ಎಲ್ಲರ ಕಣ್ಣೂ ಮಂಜಾಗುವ ಹಾಗೆ ನನ್ನದು ಮಂಜಾಗಲಿಲ್ಲ. ಯಾವುದನ್ನು ನೋಡಬೇಕೆಂದು ದೃಷ್ಟಿ ಇಡುತ್ತೇನೋ ಸರಿಯಾಗಿ ಅದರ ಮೇಲೆಯೇ ಒಂದು ಬೂದು ಕಲೆ ಬಂದು ಕೂರುತ್ತಿತ್ತು. ಸುತ್ತಲಿನದೆಲ್ಲ ಕಾಣುತ್ತಿತ್ತು. ಬಂದವರ ಸೀರೆ, ಬಳೆ, ಕಾಲು ಕಾಣುತ್ತಿದ್ದವು. ಮುಖ ಇರಬೇಕಾದಲ್ಲಿ ಒದ್ದೆ ಬಟ್ಟೆಯಿಂದ ಒರೆಸಿದಂತಿರುತ್ತಿತ್ತು. ಬಾಗಿಲ ಚೌಕಟ್ಟು ಬಾಗಿದಂತೆ ತೋರುತ್ತಿತ್ತು. ಜನರನ್ನು ದನಿಯಿಂದಲೇ ಗುರುತು ಹಿಡಿಯುವುದನ್ನು ಕಲಿತೆ. ವಯಸ್ಸು ಎಪ್ಪತ್ತು ದಾಟಿತ್ತು, ಇಷ್ಟು ಆಗುವುದೇ ಅಂದುಕೊಂಡೆ.

ಆದರೆ ಗೋಡೆಗೆ ಕೂತಿದ್ದ ಆ ಹೆಂಗಸರ ಮುಖ ನನಗೆ ಕಂಡಿತ್ತು. ಮೂಗುತಿಯ ಹರಳು ಕಂಡಿತ್ತು, ಕಣ್ಣರೆಪ್ಪೆಯ ಕೂದಲು ಕಂಡಿತ್ತು. ನನ್ನ ಸೊಸೆಯ ಮುಖ ಕಾಣದ ಕಣ್ಣಿಗೆ ಅವರ ಮುಖ ಹೇಗೆ ಕಂಡಿತು? ಅದನ್ನು ಯೋಚಿಸಿದಾಗಲೇ ನನಗೆ ಮೊದಲ ಸಲ ಹೆದರಿಕೆಯಾಯಿತು.

ಆಮೇಲೆ ಅವರು ಮತ್ತೆ ಮತ್ತೆ ಬಂದರು. ಹೆಚ್ಚಾಗಿ ಮನೆ ಸುಮ್ಮನಿದ್ದಾಗ, ದೀಪ ಹಚ್ಚುವ ಮೊದಲಿನ ಮಬ್ಬಿನಲ್ಲಿ. ಒಂದು ಸಲ ತೊಲೆಯ ಮೇಲೆ ಗೇಣುದ್ದದ ಗಂಡಸರು ಎತ್ತರದ ರುಮಾಲು ಸುತ್ತಿಕೊಂಡು ಸಾಲಾಗಿ ನಡೆದುಹೋದರು. ಒಂದು ಸಲ ದೇವರ ಕೋಣೆಯ ಗೋಡೆ ತುಂಬ ಸೀರೆಯ ಅಂಚಿನಂಥ ಚಿತ್ತಾರ ಹರಡಿತು, ಮುಟ್ಟಿದರೆ ಬರೀ ಸುಣ್ಣ. ಹೆಂಗಸರು ಮಾತ್ರ ತಪ್ಪದೆ ಬರುತ್ತಿದ್ದರು. ಮಾತಾಡುತ್ತಿರಲಿಲ್ಲ. ನನ್ನ ಕಡೆ ನೋಡುತ್ತಲೂ ಇರಲಿಲ್ಲ. ಯಾರನ್ನೋ ಕಾಯುತ್ತಿರುವವರ ಹಾಗೆ ಕೂತಿರುತ್ತಿದ್ದರು. ಹೊಳೆಮಣ್ಣೂರಿನ ನೆರೆಯಲ್ಲಿ ಹೋದವರು ಇರಬಹುದೇ, ಊಟ ಸಿಗದೆ ಉಳಿದವರು ಬಂದು ಕೂತಿರಬಹುದೇ ಎಂದು ಹೆದರುತ್ತಿದ್ದೆ. ಕಣ್ಣು ಮುಚ್ಚಿ ಮಂತ್ರ ಹೇಳಿಕೊಳ್ಳುತ್ತಿದ್ದೆ. ಕಣ್ಣು ಬಿಟ್ಟಾಗ ಕೆಲವೊಮ್ಮೆ ಇರುತ್ತಿರಲಿಲ್ಲ, ಕೆಲವೊಮ್ಮೆ ಇರುತ್ತಿದ್ದರು.

ಯಾರಿಗೂ ಹೇಳಲಿಲ್ಲ. ಹೇಳಿದರೆ ಏನಾಗುತ್ತದೆ ಎಂಬುದನ್ನು ಈ ಮನೆಯಲ್ಲೇ ಕಣ್ಣಾರೆ ಕಂಡವಳು ನಾನು.

ನಾನು ಸೊಸೆಯಾಗಿ ಬಂದಾಗ ನನ್ನ ಮಾವನವರ ಅಕ್ಕ ನೀಲವ್ವ ಇಲ್ಲೇ ಇದ್ದರು. ಚಿಕ್ಕ ವಯಸ್ಸಿನಲ್ಲಿ ಗಂಡ ತೀರಿಕೊಂಡು ತವರಿಗೆ ಬಂದವರು. ಒಂದು ಕಾಲಕ್ಕೆ ಇಡೀ ಮನೆ ಅವರ ಮಾತಿನಂತೆ ನಡೆಯುತ್ತಿತ್ತಂತೆ. ನಾನು ಬರುವ ಹೊತ್ತಿಗೆ ಅವರ ಕಣ್ಣು ಹೋಗಿದ್ದವು, ಮನೆಯಲ್ಲಿ ಯಾರೋ ಓಡಾಡುತ್ತಾರೆ ಅನ್ನತೊಡಗಿದ್ದರು. ಅದು ಗಾಳಿ ಸೋಂಕು ಎಂದು ತೀರ್ಮಾನವಾಯಿತು. ಎಲ್ಲಿಂದಲೋ ಒಬ್ಬನನ್ನು ಕರೆಸಿದರು. ಅವನು ಮೆಣಸಿನಕಾಯಿ ಹೊಗೆ ಹಾಕಿದ, ಬೇವಿನ ಸೊಪ್ಪಿನಿಂದ ಹೊಡೆದ. ಆಮೇಲೆ ಅವರನ್ನು ಮಹಡಿಯ ಕೋಣೆಗೆ ಒಯ್ದು ಹೊರಗಿನಿಂದ ಚಿಲಕ ಹಾಕಿದರು. ಊಟ ಒಯ್ಯುವ ಕೆಲಸ ಹೊಸ ಸೊಸೆಯದು. ಅತ್ತೆ ಬಂದು ಚಿಲಕ ತೆಗೆಯುತ್ತಿದ್ದರು, ನಾನು ತಟ್ಟೆ ಇಟ್ಟು ಬರುತ್ತಿದ್ದೆ. ಒಮ್ಮೆ ನೀಲವ್ವ ನನ್ನ ಸೆರಗು ಹಿಡಿದು ಬಹಳ ಮೆತ್ತಗೆ ಹೇಳಿದರು:

"ಯವ್ವಾ, ಇವರಿಗೂ ಒಂದೊಂದ ರೊಟ್ಟಿ ತಾ. ಮಂದಿನ ಎದುರಿಗೆ ಕುಂದ್ರಿಸಿಕೊಂಡು ನಾ ಒಬ್ಬಾಕೀನ ತಿನ್ನೂದು ಛಲೋ ಕಾಣಂಗಿಲ್ಲ."

ಎರಡು ಮಳೆಗಾಲ ಕಳೆಯುವುದರಲ್ಲಿ ಅವರು ಆ ಕೋಣೆಯಲ್ಲೇ ತೀರಿಕೊಂಡರು. ಹುಚ್ಚು ಹಿಡಿದು ಸತ್ತಳು ಎಂದರು ಜನ. ನಾನು ಆಗ ನಂಬಿದ್ದೂ ಅದನ್ನೇ.

ಈಗ ಪಡಸಾಲೆಯಲ್ಲಿ ಅವರನ್ನು ಎದುರಿಗೆ ಇಟ್ಟುಕೊಂಡು ಕೂತಾಗಲೆಲ್ಲ ನೀಲವ್ವನ ದನಿ ಕೇಳಿದ ಹಾಗಾಗುತ್ತಿತ್ತು. ಕೇಳುತ್ತಿರಲಿಲ್ಲ, ನೆನಪಾಗುತ್ತಿತ್ತು. ಆದರೆ ಆ ದಿನಗಳಲ್ಲಿ ಎರಡರ ನಡುವಿನ ವ್ಯತ್ಯಾಸ ನನಗೇ ಖಾತ್ರಿ ಇರಲಿಲ್ಲ.

ಹೇಗೋ ಮುಚ್ಚಿಟ್ಟುಕೊಂಡು ನಡೆದಿತ್ತು. ಗಜೇಂದ್ರಗಡದ ಕಾರ್ಯಕ್ರಮದಲ್ಲಿ ಬಯಲಾಯಿತು. ಜೀವಮಾನವಿಡೀ ಮಗ್ಗದ ಮುಂದೆ ಕೂತ ಹಿರಿಯ ಹೆಣ್ಣುಮಕ್ಕಳಿಗೆ ಸನ್ಮಾನ. ನಾನು ಶಾಲು ಹೊದಿಸಬೇಕು. ಒಬ್ಬೊಬ್ಬರನ್ನೇ ವೇದಿಕೆಗೆ ಕರೆಯುತ್ತಿದ್ದರು. ಮುಖ ಕಾಣದಿದ್ದರೂ ಹೆಗಲು ಎಲ್ಲಿದೆ ಅಂತ ಅಂದಾಜು ಸಿಗುತ್ತಿತ್ತು. ಹಾಗೆಯೇ ಹೊದಿಸುತ್ತ ಬಂದೆ. ಒಬ್ಬಾಕೆ ಬಂದು ನಿಂತಳು, ಕಪ್ಪು ಸೀರೆ, ಕೃಶ ಮುಖ, ಹಣೆಯ ಮೇಲೆ ಹಚ್ಚೆಯ ಚುಕ್ಕೆ. ಇಷ್ಟು ಸ್ಪಷ್ಟವಾಗಿ ಕಾಣುತ್ತಿದ್ದಾಳೆ ಎಂದರೆ ಇವಳು ಇಲ್ಲ ಎಂದು ನನಗೆ ಹೊಳೆಯಬೇಕಿತ್ತು. ಹೊಳೆಯಲಿಲ್ಲ. ಶಾಲು ಬಿಚ್ಚಿ ಎರಡೂ ಕೈ ಚಾಚಿ ಅವಳ ಹೆಗಲ ಮೇಲೆ ಇಟ್ಟೆ. ಶಾಲು ನೆಲಕ್ಕೆ ಬಿತ್ತು.

ಮೈಕಿನಲ್ಲಿ ಹೆಸರು ಓದುತ್ತಿದ್ದವರು ನಿಲ್ಲಿಸಿದರು. ನಾನು ಖಾಲಿ ಕೈ ಚಾಚಿಕೊಂಡೇ ನಿಂತಿದ್ದೆ. ಬದಿಗೆ ನಿಂತಿದ್ದ ಒಬ್ಬ ಮುದುಕಿ ಬಾಗಿ ಶಾಲು ಎತ್ತಿಕೊಂಡು, ತನಗೇ ಕೊಟ್ಟದ್ದು ಎಂಬಂತೆ ಹೊದ್ದು, ನನ್ನ ಕೈ ಕಣ್ಣಿಗೊತ್ತಿಕೊಂಡಳು. ಅವಳು ಯಾರೆಂದು ಇವತ್ತಿಗೂ ಗೊತ್ತಿಲ್ಲ. ಆ ಕ್ಷಣ ನನ್ನ ಮಾನ ಉಳಿಸಿದವಳು ಅವಳು.

ಆದರೆ ಊರು ನೋಡಿತ್ತು. ಅವ್ವಾರಿಗೆ ತಲೆ ನೆಟ್ಟಗಿಲ್ಲ ಎಂಬ ಮಾತು ನಮಗಿಂತ ಮೊದಲು ನರಗುಂದ ಮುಟ್ಟಿತು.

ಮಗ ಮಲ್ಲೇಶಿ ಕೆಟ್ಟವನಲ್ಲ, ಹೆದರಿದ್ದ. ಮರುದಿನದಿಂದ ಒಪ್ಪಿಕೊಂಡ ಕಾರ್ಯಕ್ರಮಗಳನ್ನೆಲ್ಲ ಒಂದೊಂದಾಗಿ ಬೇಡ ಅನ್ನತೊಡಗಿದ. ಬಂದವರಿಗೆ ಹೊಸ್ತಿಲಲ್ಲೇ ಅವ್ವಗೆ ಆರಾಮಿಲ್ಲ ಎಂದು ಹೇಳಿ ಕಳಿಸುವುದು ಕೇಳುತ್ತಿತ್ತು. ಒಂದು ಬೆಳಿಗ್ಗೆ ನನ್ನ ಪಕ್ಕ ಬಂದು ಕೂತ.

"ಅವ್ವ, ಮ್ಯಾಲಿನ ಖೋಲಿ ಸ್ವಚ್ಛ ಮಾಡಸ್ತೀನಿ. ಗಾಳಿ ಛಲೋ ಐತಿ, ಮಂದೀ ಗದ್ದಲ ಇರಂಗಿಲ್ಲ. ಸ್ವಲ್ಪ ದಿನ ಅಲ್ಲೇ ಆರಾಮ ಇರು."

ಅವನು ಹುಟ್ಟುವ ಮೊದಲೇ ನೀಲವ್ವ ತೀರಿಕೊಂಡಿದ್ದರು. ಆ ಕೋಣೆಯ ಕಥೆಯನ್ನು ಈ ಮನೆಯಲ್ಲಿ ಯಾರೂ ಯಾರಿಗೂ ಹೇಳಿರಲಿಲ್ಲ. ಅವನು ಪ್ರೀತಿಯಿಂದಲೇ ಹೇಳಿದ್ದ. ನನಗೆ ನೆನಪಾದದ್ದು ಹೊರಗಿನ ಚಿಲಕ. ಹ್ಞೂಂ ಅಂದೆ.

ಅವನು ಅಂಗಡಿಗೆ ಹೋದ ಮೇಲೆ ಮಹಡಿಯ ಮೇಲೆ ಕಸ ಗುಡಿಸುವ ಸದ್ದು ಕೇಳಿಸತೊಡಗಿತು. ಕೆಳಗೆ ಅಡುಗೆಮನೆಯಲ್ಲಿ ಗಿರಿಜಾ ರೊಟ್ಟಿ ತಟ್ಟುತ್ತಿದ್ದಳು. ನಾನು ಗೋಡೆ ಹಿಡಿದುಕೊಂಡು ಹೋಗಿ ಅವಳ ಎದುರು ಕೂತೆ. ನೀಲವ್ವನಿಂದ ಹಿಡಿದು ಗಜೇಂದ್ರಗಡದ ಕಪ್ಪು ಸೀರೆಯವಳ ತನಕ ಎಲ್ಲವನ್ನೂ ಹೇಳಿದೆ. ಹೇಳುತ್ತ ಹೇಳುತ್ತ ತಟ್ಟುವ ಸದ್ದು ನಿಂತಿತು. ಹೆದರಿದಳು, ಎದ್ದು ಹೋಗುತ್ತಾಳೆ ಅಂದುಕೊಂಡೆ.

"ಈಗೂ ಅದಾರೇನ್ರಿ?" ಎಂದು ಕೇಳಿದಳು.

"ಒಬ್ಬಾಕಿ ಅದಾಳ."

"ಎಲ್ಲೆ?"

"ನಿನ್ನ ಎಡಕ್ಕ, ಹತ್ತಿರನ ಕುಂತಾಳ."

ಅವಳ ಬಳೆ ಸದ್ದಾಯಿತು. ಮಣೆ ಎಳೆದುಕೊಂಡು ಗಿರಿಜಾ ಬಲಕ್ಕೆ ಸ್ವಲ್ಪ ಸರಿದು ಕೂತಳು. ಇಲ್ಲದವಳಿಗೆ ಜಾಗ ಮಾಡಿಕೊಟ್ಟಳು. ನಂತರ ಹೇಳಿದಳು: "ನೀವು ಮ್ಯಾಲೆ ಹೋಗೂದ ಬ್ಯಾಡ್ರಿ ಅತ್ತಿ. ನಾ ಮನಿಯವರಿಗೆ ಹೇಳ್ತೀನಿ. ದೊಡ್ಡ ದವಾಖಾನಿಗೆ ಹೋಗೂಣು."

ಅವತ್ತು ನಾನು ಅತ್ತಷ್ಟು ಯಜಮಾನರು ಹೋದಾಗಲೂ ಅತ್ತಿರಲಿಲ್ಲ.

ಮೊದಲು ಊರಿನ ಡಾಕ್ಟರು ನಿದ್ದೆಯ ಗುಳಿಗೆ ಕೊಟ್ಟರು. ಅದರಿಂದ ಹಗಲೂ ಮಂಪರಾಗಿ, ಬರುವವರು ಇನ್ನೂ ಹೆಚ್ಚಾದರು. ಆಮೇಲೆ ಧಾರವಾಡಕ್ಕೆ, ಮನಸ್ಸಿನ ಡಾಕ್ಟರ ಹತ್ತಿರ. ಮಲ್ಲೇಶಿ ಕಾರಿನ ಗಾಜು ಏರಿಸಿಯೇ ಊರು ದಾಟಿಸಿದ. ಆ ಡಾಕ್ಟರು ವಯಸ್ಸಾದವರು, ಗಡಿಬಿಡಿ ಇಲ್ಲದ ಮನುಷ್ಯ. ವಾರ, ತಿಂಗಳು, ಮೊಮ್ಮಕ್ಕಳ ಹೆಸರು ಕೇಳಿದರು, ಕಡಲೆಯ ಧಾರಣೆ ಕೇಳಿದರು, ಸಣ್ಣ ಲೆಕ್ಕ ಹೇಳಿಸಿದರು. ಎಲ್ಲಕ್ಕೂ ಉತ್ತರ ಹೇಳಿದೆ. ಕೊನೆಗೆ, ನೀವು ನನ್ನ ಮುಖ ಬಿಟ್ಟು ಕಿವಿಯ ಕಡೆ ಯಾಕೆ ನೋಡುತ್ತೀರಿ ಎಂದರು. ಕಿವಿಯ ಕಡೆ ನೋಡಿದರೆ ಮುಖದ ಅಂಚಾದರೂ ಕಾಣುತ್ತದೆ ಅಂದೆ. ಅವರು ಪೆನ್ನು ಕೆಳಗಿಟ್ಟರು. ಇವರ ತಲೆ ನನಗಿಂತ ನೆಟ್ಟಗಿದೆ, ಮೊದಲು ಕಣ್ಣು ತೋರಿಸಿ ಎಂದು ಮಗನಿಗೆ ಹೇಳಿ ಹುಬ್ಬಳ್ಳಿಯ ಕಣ್ಣಿನ ಆಸ್ಪತ್ರೆಗೆ ಕಳಿಸಿದರು.

ಹುಬ್ಬಳ್ಳಿಯಲ್ಲಿ ನಾನು ಯಾರೂ ಅಲ್ಲ. ಚೀಟಿ ತಗೊಂಡು ಬೆಂಚಿನ ಮೇಲೆ ಕೂತೆ. ಕಣ್ಣಿಗೆ ಹನಿ ಹಾಕಿ, ಮುಚ್ಚಿಕೊಂಡಿರಿ ಎಂದರು. ಹನಿ ಏರಿದ ಮೇಲೆ ಬೆಳಕೆಲ್ಲ ಒಡೆದು ಹರಡಿತು. ಎದುರಿನ ಬೆಂಚು ತುಂಬ ಜನ. ಅವರಲ್ಲಿ ಎಷ್ಟು ಜನ ಖರೇ ಇದ್ದಾರೆ? ಕೆಮ್ಮಿದವರು ಇದ್ದಾರೆ, ಚೀಲ ಸರಿಸಿದವರು ಇದ್ದಾರೆ ಎಂದು ಸದ್ದಿನಿಂದ ಆರಿಸಿಕೊಳ್ಳುತ್ತ ಕೂತೆ. ಕೊನೆಗೆ ಒಂದು ಸಾಲು ಸದ್ದೇ ಇಲ್ಲದೆ ಉಳಿಯಿತು. ಆ ಸಾಲಿನ ಕಡೆ ಮತ್ತೆ ತಿರುಗಲಿಲ್ಲ.

ನನ್ನ ಮಗ್ಗುಲಿಗೆ ಕೂತಿದ್ದವಳು ಶಂಕ್ರವ್ವ, ಅಬ್ಬಿಗೇರಿಯ ಒಕ್ಕಲುತನದ ಮನೆಯವಳು. ನನ್ನ ವಾರಿಗೆಯವಳೇ. ನಾನು ಯಾರೆಂದು ಗೊತ್ತಿಲ್ಲದೆ ಯಕ್ಕಾ ಯಕ್ಕಾ ಎಂದು ಎರೆಭೂಮಿಯ ಬಿರುಕಿನಿಂದ ಹಿಡಿದು ಮೊಮ್ಮಗಳ ಬಾಣಂತನದ ತನಕ ಮಾತಾಡಿದಳು. ಎಷ್ಟೋ ವರ್ಷದ ಮೇಲೆ ಒಬ್ಬರು ನನ್ನ ಜತೆ ಏನೂ ಬೇಡದೆ ಮಾತಾಡುತ್ತಿದ್ದರು.

ಒಳಗೆ ಕರೆದರು. ಡಾಕ್ಟರು ಚಿಕ್ಕ ವಯಸ್ಸಿನ ಹೆಣ್ಣುಮಗಳು, ದನಿಯಿಂದ ಗೊತ್ತಾಯಿತು. ದೀಪ ಹಿಡಿದು ನೋಡಿದಳು, ಯಂತ್ರಕ್ಕೆ ಗದ್ದ ಊರಿಸಿ ನೋಡಿದಳು. ಕಣ್ಣಿನ ಒಳಪರದೆಯ ನಡುಭಾಗ ಸವೆದಿದೆ, ಒಂದು ಕಣ್ಣಿನದು ಕೈಬಿಟ್ಟಿದೆ, ಇನ್ನೊಂದಕ್ಕೆ ಸೂಜಿ ಹಾಕಿ ಇದ್ದಷ್ಟನ್ನು ಉಳಿಸಿಕೊಳ್ಳಬಹುದು ಎಂದಳು. ಮಲ್ಲೇಶಿ ಏನೇನೋ ಕೇಳುತ್ತಿದ್ದ. ಅವಳು ಅವನಿಗೆ ಉತ್ತರ ಹೇಳಿ ನನ್ನ ಕಡೆ ಬಾಗಿದಳು.

"ಅಮ್ಮಾರ, ಎಲ್ಲಾರ್ನೂ ಕೇಳೂ ಮಾತು ಕೇಳ್ತೀನ್ರಿ. ಇಲ್ಲದ ಮಂದಿ, ಇಲ್ಲದ ವಸ್ತು ಏನಾರ ಕಾಣ್ತಾವೇನ್ರಿ?"

ಉಪ್ಪು ಹೆಚ್ಚಾಗಿದೆಯೇ ಎಂದು ಕೇಳಿದ ಹಾಗೆ ಕೇಳಿದಳು. ಹೌದೆಂದು ತಲೆ ಆಡಿಸಿದೆ. ಅವಳು ನನ್ನ ಕೈ ಹಿಡಿದುಕೊಂಡು, ಇದು ಹುಚ್ಚಲ್ಲ, ಗಾಳಿಯಲ್ಲ ಎಂದಳು. ಕಣ್ಣು ಕೊಡುವುದನ್ನು ನಿಲ್ಲಿಸಿದಾಗ ಮೆದುಳು ತಾನೇ ಚಿತ್ರ ಮಾಡಿಕೊಳ್ಳುತ್ತದೆ, ಬಹಳ ಜನರಿಗೆ ಆಗುತ್ತದೆ, ಹೆದರಿ ಯಾರೂ ಹೇಳುವುದಿಲ್ಲ. ಕಾಣುವವರು ನಿಮಗೆ ಪರಿಚಯದವರಲ್ಲ, ನಿಮ್ಮಿಂದ ಅವರಿಗೆ ಏನೂ ಬೇಕಾಗಿಲ್ಲ ಎಂದಳು.

ಆ ಕೊನೆಯ ಮಾತು ಕೇಳಿದಾಗ ಎದೆಯ ಮೇಲಿನ ಕಲ್ಲು ಇಳಿಯಿತು. ಇಳಿದ ಗಳಿಗೆಗೇ ನೀಲವ್ವ ನೆನಪಾದರು. ಆ ಕಾಲದಲ್ಲಿ ಯಾರಾದರೊಬ್ಬರು ಅವರ ಕೈ ಹಿಡಿದು ಇಷ್ಟು ಹೇಳಿದ್ದರೆ ಸಾಕಿತ್ತು. ಹೊಗೆ, ಬೇವಿನ ಸೊಪ್ಪು, ಚಿಲಕ ಯಾವುದೂ ಬೇಕಿರಲಿಲ್ಲ. ಕುರ್ಚಿಯಿಂದ ಏಳಲಾರದೆ ಕೂತೆ. ಮಲ್ಲೇಶಿ ನೀರು ತಂದುಕೊಟ್ಟ.

ಹೊರಗೆ ಬಂದು ಮತ್ತೆ ಶಂಕ್ರವ್ವನ ಮಗ್ಗುಲಿಗೆ ಕೂತೆ. ಸೂಜಿಗೆ ಇನ್ನೂ ಹೊತ್ತಿತ್ತು. ಅವಳ ಕಿವಿಯ ಹತ್ತಿರ ಬಾಗಿ, ನಿನಗೆ ಇಲ್ಲದವರು ಯಾರಾದರೂ ಕಾಣುತ್ತಾರೇನು ಎಂದು ಕೇಳಿದೆ. ಅವಳು ನನ್ನ ಮುಂಗೈ ಗಟ್ಟಿಯಾಗಿ ಹಿಡಿದಳು.

"ಕುರಿ ಬರ್ತಾವ ಯಕ್ಕಾ. ಅಡಿಗಿಮನಿ ತುಂಬ ಕುರಿ. ನಾ ಯಾರ ಮುಂದೂ ಹೇಳಿಲ್ಲ. ಹೇಳಿದ್ರ ನನ್ನನ್ನ ಮನಿಯಾಗ ಇಟ್ಕೊತಾರೇನು?"

ನಾವಿಬ್ಬರೂ ಒಬ್ಬರ ಕೈ ಒಬ್ಬರು ಹಿಡಿದು ಕೂತೆವು. ಅವಳ ಸರದಿ ಬಂದಾಗ ನಾನೂ ಜತೆಗೆ ಹೋಗಿ ಡಾಕ್ಟರಿಗೆ ಕುರಿಯ ವಿಷಯ ಹೇಳಿಸಿದೆ. ಹೊರಗೆ ಬಂದು ಶಂಕ್ರವ್ವ ನಕ್ಕಳು. ಹಂಗಾದ್ರ ಆ ಕುರಿಗೆ ಮೇವು ಹಾಕೂದ ಬ್ಯಾಡ ಅಂದಳು. ನಾನೂ ನಕ್ಕೆ.

ಕಣ್ಣಿಗೆ ಸೂಜಿ ಎಂದರೆ ಕೇಳಿದವರೆಲ್ಲ ಮೈ ಮುದುಡಿಕೊಳ್ಳುತ್ತಾರೆ. ಹೇಳಿಬಿಡುತ್ತೇನೆ: ಅದಕ್ಕೆ ಮೊದಲಿನ ಹೆದರಿಕೆಯೇ ದೊಡ್ಡದು. ಮರಗಟ್ಟಿಸುವ ಹನಿ ಹಾಕುತ್ತಾರೆ, ಒಂದು ಒತ್ತಿದಂತಾಗುತ್ತದೆ, ಮುಗಿಯಿತು. ಮುಂದಿನ ಸೂಜಿಗಳಿಗೆ ಗಿರಿಜಾ ಒಬ್ಬಳೇ ಕರೆದುಕೊಂಡು ಹೋದಳು. ಹೋಗುವಾಗ ಕಾರಿನ ಗಾಜು ಇಳಿಸಿರುತ್ತಿತ್ತು, ಎರೆಹೊಲದ ಗಾಳಿ ಮುಖಕ್ಕೆ ಬಡಿಯುತ್ತಿತ್ತು.

ಆ ಚಳಿಗಾಲ ಗಜೇಂದ್ರಗಡದಲ್ಲಿ ಎಂದಿನಂತೆ ಶಿಬಿರ. ನೀನು ದೀಪ ಹಚ್ಚಿ ಬಂದುಬಿಡು ಸಾಕು ಎಂದ ಮಲ್ಲೇಶಿ. ದೀಪ ಹಚ್ಚಿದೆ, ಆಮೇಲೆ ಮೈಕು ಕೇಳಿದೆ. ಶಾಲು ಬಿದ್ದದ್ದನ್ನು ನೋಡಿದ ಜನವೇ ಎದುರಿಗಿತ್ತು. ಆ ಸನ್ಮಾನದ ದಿನ ನಾನು ಶಾಲು ಹೊದಿಸಿದ್ದು ಇಲ್ಲದ ಒಬ್ಬ ಹೆಣ್ಣುಮಗಳಿಗೆ, ನನಗೆ ಅವಳು ಕಂಡಿದ್ದು ಖರೇ ಎಂದೆ. ಕಣ್ಣಿನ ರೋಗ ಹೇಳಿದೆ. ನಮ್ಮ ಮನೆಯ ನೀಲವ್ವನ ಹೆಸರು ಹೇಳಿದೆ. ಅವರನ್ನು ಮಹಡಿಯಲ್ಲಿ ಕೂಡಿಹಾಕಿದ್ದನ್ನೂ ಹೇಳಿದೆ. ಮನೆತನದ ಮಾತನ್ನು ಹೀಗೆ ಬಯಲಿಗೆ ಇಟ್ಟದ್ದಕ್ಕೆ ಬಂಧುಗಳಲ್ಲಿ ಕೆಲವರು ಇಂದಿಗೂ ನನ್ನ ಜತೆ ಮಾತಾಡುವುದಿಲ್ಲ.

ಚಪ್ಪಾಳೆ ಬೀಳಲಿಲ್ಲ. ಕೆಳಗಿಳಿದು ಕುರ್ಚಿಯಲ್ಲಿ ಕೂತೆ. ತಾಸಿನ ಹೊತ್ತಿಗೆ ಒಬ್ಬ ಮುದುಕಿ ಬಂದು ನನ್ನ ಕಿವಿಗೆ ಬಾಯಿ ಹಚ್ಚಿ ಏನೋ ಹೇಳಿದಳು. ಅವಳ ಹಿಂದೆ ಇನ್ನೊಬ್ಬಳು. ಒಬ್ಬಳಿಗೆ ಗೋಡೆ ತುಂಬ ಹೂವು, ಒಬ್ಬಳಿಗೆ ಮಗ್ಗದ ಮೇಲೆ ಕೂತ ಗುರುತಿಲ್ಲದ ಕೂಸು. ಒಬ್ಬ ನಡುವಯಸ್ಸಿನ ಗಂಡಸು ತನ್ನ ತಾಯಿ ಹೀಗೆಯೇ ಅನ್ನುತ್ತಿದ್ದಳು, ನಾವು ನಂಬಲಿಲ್ಲ ಎಂದ. ಅವಳು ತೀರಿಕೊಂಡಿದ್ದಾಳೋ ಇದ್ದಾಳೋ ಎಂದು ಕೇಳುವ ಧೈರ್ಯ ನನಗಾಗಲಿಲ್ಲ. ಅಂದಿನಿಂದ ನಮ್ಮ ಶಿಬಿರದಲ್ಲಿ ವಯಸ್ಸಾದವರು ಯಾರೇ ಬರಲಿ, ಆ ಡಾಕ್ಟರು ಕೇಳಿದ ಮಾತನ್ನು ಅದೇ ದನಿಯಲ್ಲಿ ಕೇಳುತ್ತಾರೆ.

ಮಹಡಿಯ ಕೋಣೆಯ ಚಿಲಕವನ್ನು ಮಲ್ಲೇಶಿ ತಾನೇ ಕಿತ್ತು ತೆಗೆದ. ನನಗೆ ಹೇಳಲಿಲ್ಲ, ಗಿರಿಜಾ ಹೇಳಿದಳು. ಈಗ ಮಳೆಗಾಲದಲ್ಲಿ ಆ ಬಾಗಿಲು ಗಾಳಿಗೆ ಬಡಿದುಕೊಳ್ಳುತ್ತದೆ. ಬಡಿದುಕೊಳ್ಳಲಿ ಬಿಡು ಅಂದಿದ್ದೇನೆ.

ವಾಸಿಯಾಯಿತೇ ಎಂದು ಕೇಳುತ್ತಾರೆ. ಇಲ್ಲ. ಉಳಿದ ಕಣ್ಣಿನ ಅಂಚಿನಲ್ಲಿ ದಾರಿ ಕಾಣುತ್ತದೆ, ತಟ್ಟೆ ಕಾಣುತ್ತದೆ. ಮುಖ ಕಾಣುವುದಿಲ್ಲ, ಇನ್ನು ಕಾಣುವುದೂ ಇಲ್ಲ. ಮೊಮ್ಮಗಳಿಗೆ ಹೊಸದಾಗಿ ಹಲ್ಲು ಬಂದದ್ದು ಬೆರಳು ಕಚ್ಚಿದಾಗ ಗೊತ್ತಾಯಿತು. ಅವರು ಮಾತ್ರ ಬರುತ್ತಾರೆ. ಮೊದಲಿನಷ್ಟು ಹೆದರುವುದಿಲ್ಲ, ಆದರೆ ರೂಢಿಯಾಗಿದೆ ಎಂದು ಹೇಳಿದರೆ ಸುಳ್ಳಾಗುತ್ತದೆ. ಸಂಜೆ ಒಬ್ಬಳೇ ಇದ್ದಾಗ ಪಡಸಾಲೆಗೆ ಕಾಲಿಡುವ ಮೊದಲು ಈಗಲೂ ಉಸಿರು ಬಿಗಿಹಿಡಿಯುತ್ತೇನೆ.

ಗಿರಿಜಾ ದಿನಾ ಕೇಳುತ್ತಾಳೆ, ಇವತ್ತು ಯಾರು ಬಂದಿದ್ದರು ಅಂತ. ಹೇಳುತ್ತೇನೆ. ಒಮ್ಮೆ, ನಾನು ಎಂದಾದರೂ ಅವರಲ್ಲಿ ಬಂದಿದ್ದೇನೇನು ಎಂದು ಕೇಳಿದಳು. ಇಲ್ಲ ಅಂದೆ. ನೀನು ಬರುವುದಿಲ್ಲ, ಮಲ್ಲೇಶಿ ಬರುವುದಿಲ್ಲ, ಯಜಮಾನರು ಒಂದು ಸಲವೂ ಬಂದಿಲ್ಲ. ಬರುವವರೆಲ್ಲ ಎಂದೂ ನೋಡದವರು.

ಹೋದ ತಿಂಗಳು ಹುಬ್ಬಳ್ಳಿಯ ಡಾಕ್ಟರು ಒಂದು ಮಾತು ಹೇಳಿದಳು. ಇದು ಬಹಳ ಜನರಿಗೆ ದಿನ ಕಳೆದಂತೆ ಕಡಿಮೆಯಾಗುತ್ತದೆ, ಒಂದು ದಿನ ಅವರು ಬರುವುದು ಪೂರಾ ನಿಂತರೂ ನಿಲ್ಲಬಹುದು. ಮನೆಯಲ್ಲಿ ಎಲ್ಲರಿಗೂ ಸಂತೋಷ. ಮಲ್ಲೇಶಿ ಪೇಡೆ ತಂದ. ನಾನೂ ಒಂದು ತಿಂದೆ.

ಈಗ ಹೇಳುವುದನ್ನು ಗಿರಿಜಾಳೂ ಮೊದಲ ಸಲ ಕೇಳುತ್ತಿದ್ದಾಳೆ. ಅವರು ಬರುವುದು ನಿಂತರೆ ಆ ದಿನದಿಂದ ನನಗೆ ಯಾರ ಮುಖವೂ ಕಾಣುವುದಿಲ್ಲ. ಅದಕ್ಕೇ ಈಗ ಅವರು ಬಂದು ಕೂತಾಗ ಕಣ್ಣು ಮುಚ್ಚುವುದನ್ನು ಬಿಟ್ಟಿದ್ದೇನೆ. ಹುಬ್ಬು, ಮೂಗು, ತುಟಿ, ಗದ್ದದ ಮೇಲಿನ ಸುಕ್ಕು, ಒಬ್ಬೊಬ್ಬರದೂ ನಿಧಾನವಾಗಿ ನೋಡುತ್ತೇನೆ.

ಗಿರಿಜಾ ಬರೆಯುವುದನ್ನು ಒಂದು ಗಳಿಗೆ ನಿಲ್ಲಿಸಿದಳು. ಹೊರಗೆ ಕತ್ತಲಾಗುತ್ತ ಬಂದಿದೆಯಂತೆ, ದೀಪ ಹಚ್ಚಲೇನು ಎಂದು ಕೇಳುತ್ತಿದ್ದಾಳೆ. ಸ್ವಲ್ಪ ತಡಿ ಅಂದಿದ್ದೇನೆ.